ಎಂಟು ವಾರ ಹರಿದ ನದಿ

ಊರಿನ ಹೆಸರು ಸ್ಯಾನ್ ಲೂಯಿಸ್ ರಿಯೊ ಕೊಲರಾಡೊ. ಸ್ಪ್ಯಾನಿಷ್ ಭಾಷೆಯಲ್ಲಿ ರಿಯೊ ಅಂದ್ರೆ ನದಿ. ಹೆಸರಲ್ಲೇ ನದಿ ಇಟ್ಟುಕೊಂಡ ಊರು. ಮೆಕ್ಸಿಕೊ ದೇಶದ ಸೊನೊರಾ ರಾಜ್ಯದ ಅಂಚಿನಲ್ಲಿ, ಅಮೆರಿಕದ ಬೇಲಿಗೆ ಬೆನ್ನು ಕೊಟ್ಟು ಕೂತಿದೆ. ಅಲ್ಲಿ ವರ್ಷಕ್ಕೆ ಬೀಳೋ ಮಳೆ 80 ಮಿಲಿಮೀಟರ್ ಆಸುಪಾಸು. ನಮ್ಮ ಚಳ್ಳಕೆರೆ, ಪಾವಗಡದ ಕಡೆ ಎರಡು ಒಳ್ಳೆ ಮಳೆ ಬಿದ್ದರೆ ಅಷ್ಟಾಗುತ್ತೆ. ಊರಾಚೆ ಕೊಲರಾಡೊ ನದಿಗೆ ಅಡ್ಡಲಾಗಿ ಸೇತುವೆ ಇದೆ. ಸೇತುವೆ ಕೆಳಗೆ ನದಿ ಇರಲಿಲ್ಲ, ಮರಳಿತ್ತು. ಆ ಊರಿನ ಎಷ್ಟೋ ಮಕ್ಕಳು ಒಂದು ದಿನವೂ ನೀರು ಕಾಣದೆ ಆ ಸೇತುವೆ ದಾಟಿಕೊಂಡು ದೊಡ್ಡವರಾದರು.

2014ರ ಮಾರ್ಚ್ 23ಕ್ಕೆ ಗಡಿಯಲ್ಲಿರುವ ಮೊರೆಲೋಸ್ ಅಣೆಕಟ್ಟೆಯ ಗೇಟು ಎತ್ತಿದರು. ನೀರು ಧುಮುಕಿ ಬರಲಿಲ್ಲ. ಒಣ ಮರಳು ಕುಡಿದು ಕುಡಿದು, ಮಿಕ್ಕದ್ದು ಮನುಷ್ಯ ನಡೆಯೋ ವೇಗಕ್ಕಿಂತ ನಿಧಾನವಾಗಿ ಮುಂದೆ ಮುಂದೆ ತೆವಳಿತು. ಎರಡು ಮೂರು ದಿನದಲ್ಲಿ ಸೇತುವೆ ಹತ್ತಿರ ಬಂತು. ಊರಿಗೆ ಊರೇ ನದಿಗಿಳಿಯಿತು. ವಾದ್ಯದವರು ಬಂದರು, ಕುದುರೆ ಏರಿ ಬಂದವರಿದ್ದರು, ಮಕ್ಕಳು ಬಟ್ಟೆ ಸಮೇತ ನೀರಿಗೆ ಬಿದ್ದರು. ವಯಸ್ಸಾದವರು ದಡದಲ್ಲಿ ಕೂತು ಅತ್ತರು. ಕೆರೆ ಕೋಡಿ ಬಿದ್ದಾಗ ನಮ್ಮೂರುಗಳಲ್ಲಿ ಬಾಗಿನ ಹಿಡಿದು ಹೋಗ್ತೀವಲ್ಲ, ಆ ಥರದ ಸಂಭ್ರಮ.

ಮಜಾ ಏನು ಗೊತ್ತಾ? ಆ ನೀರು ಮಳೆಯಿಂದ ಬಂದದ್ದಲ್ಲ. ಅಣೆಕಟ್ಟು ತುಂಬಿ ಹೆಚ್ಚಾಗಿ ಬಿಟ್ಟದ್ದೂ ಅಲ್ಲ. ಬರಗಾಲ ನಡೆಯುತ್ತಿದ್ದ ವರ್ಷ ಅದು. ಎರಡು ದೇಶಗಳು ಕೂತು, ಮಾತಾಡಿ, ಸಹಿ ಹಾಕಿ, ಇಷ್ಟು ನೀರು ಯಾವ ರೈತನಿಗೂ ಅಲ್ಲ, ಯಾವ ನಗರಕ್ಕೂ ಅಲ್ಲ, ನದಿಗೆ ಅಂತ ಬಿಟ್ಟದ್ದು. ಎಷ್ಟು? 1,05,392 ಎಕರೆ ಅಡಿ. ನಮ್ಮ ಲೆಕ್ಕಕ್ಕೆ ತರೋಣ. ಒಂದು ಎಕರೆ ಮೇಲೆ ಒಂದು ಅಡಿ ನಿಲ್ಲುವ ನೀರು ಒಂದು ಎಕರೆ ಅಡಿ. ಅಂಥ 22,957 ಸೇರಿದರೆ ಒಂದು ಟಿಎಂಸಿ. ಅಂದ್ರೆ ಅವರು ಬಿಟ್ಟದ್ದು ನಾಲ್ಕೂವರೆ ಟಿಎಂಸಿ ಚಿಲ್ಲರೆ. ನಮ್ಮ ಸ್ಟುಡಿಯೋಗಳಲ್ಲಿ ಪ್ರತಿ ಆಗಸ್ಟ್‌ನಲ್ಲಿ ಇಷ್ಟು ನೀರಿಗೆ ಎಷ್ಟು ಗಂಟೆ ಕೂಗಾಡ್ತೀವಿ ಅಂತ ನಿಮಗೆ ಗೊತ್ತಿದೆ. ನನಗೂ ಗೊತ್ತಿದೆ, ಕೂಗಾಡಿದವರಲ್ಲಿ ನಾನೂ ಒಬ್ಬ.

ಇಷ್ಟಕ್ಕೆ ಬರೋಕೆ ಅವರಿಗೆ ನೂರು ವರ್ಷಕ್ಕಿಂತ ಹೆಚ್ಚು ಬೇಕಾಯ್ತು. ಆ ಕಥೆ ಕೇಳಬೇಕು.

ಕೊಲರಾಡೊ ಹುಟ್ಟೋದು ರಾಕಿ ಪರ್ವತಗಳ ಹಿಮದಲ್ಲಿ. ಸುಮಾರು 2,330 ಕಿಲೋಮೀಟರ್ ಹರಿದು, ಅಮೆರಿಕದ ಏಳು ರಾಜ್ಯಗಳು, ಮೆಕ್ಸಿಕೊದ ಎರಡು ರಾಜ್ಯಗಳಿಗೆ ನೀರು ಕೊಟ್ಟು ಕ್ಯಾಲಿಫೋರ್ನಿಯಾ ಕೊಲ್ಲಿ ಸೇರಬೇಕು. ಸುಮಾರು 4 ಕೋಟಿ ಜನ ಇದರ ನೀರು ಕುಡೀತಾರೆ. ಲಾಸ್ ಏಂಜಲೀಸ್, ಲಾಸ್ ವೇಗಸ್, ಫೀನಿಕ್ಸ್, ಎಲ್ಲಕ್ಕೂ ಇದೇ ಆಧಾರ. 1922ರ ನವೆಂಬರ್‌ನಲ್ಲಿ ಏಳು ರಾಜ್ಯಗಳ ಪ್ರತಿನಿಧಿಗಳು ಸಾಂಟಾ ಫೆ ಬಳಿಯ ಒಂದು ಲಾಡ್ಜಿನಲ್ಲಿ ಕೂತು ನದಿಯನ್ನು ಹಂಚಿಕೊಂಡರು. ಅಧ್ಯಕ್ಷತೆ ವಹಿಸಿದ್ದು ಹರ್ಬರ್ಟ್ ಹೂವರ್. ಮುಂದೆ ಅಮೆರಿಕದ ಅಧ್ಯಕ್ಷರಾದರಲ್ಲ, ಅವರೇ. ಸ್ವತಃ ಇಂಜಿನಿಯರ್. ಮೇಲ್ಭಾಗದ ರಾಜ್ಯಗಳಿಗೆ 75 ಲಕ್ಷ ಎಕರೆ ಅಡಿ, ಕೆಳಭಾಗದವಕ್ಕೆ 75 ಲಕ್ಷ. ಆಮೇಲೆ 1944ರಲ್ಲಿ ಮೆಕ್ಸಿಕೊಗೆ 15 ಲಕ್ಷ. ಒಟ್ಟು ಒಂದು ಕೋಟಿ 65 ಲಕ್ಷ ಎಕರೆ ಅಡಿ.

ಇದನ್ನು ಟಿಎಂಸಿಗೆ ತಿರುಗಿಸಿದಾಗ ನಾನು ಕ್ಯಾಲ್ಕುಲೇಟರ್‌ನಲ್ಲಿ ಎರಡು ಸಲ ಒತ್ತಿ ನೋಡಿದೆ. ಸುಮಾರು 719 ಟಿಎಂಸಿ. ಕಾವೇರಿ ನ್ಯಾಯಮಂಡಳಿ 2007ರಲ್ಲಿ ಹಂಚಿದ್ದು 740. ಎರಡೂ ನದಿಗಳು ಕಾಗದದ ಮೇಲೆ ಹೆಚ್ಚು ಕಡಿಮೆ ಒಂದೇ ಗಾತ್ರದವು.

ಆದರೆ ಕಾಗದದ ಮೇಲೆ ಮಾತ್ರ. 1922ರಲ್ಲಿ ಅವರ ಕೈಯಲ್ಲಿದ್ದದ್ದು ಎರಡು ದಶಕಗಳ ಹರಿವಿನ ಅಂಕಿ ಅಂಶ. ಆ ಎರಡು ದಶಕ ಅಸಾಧಾರಣ ಮಳೆಗಾಲದ ದಶಕಗಳಾಗಿದ್ದವು ಅಂತ ಆಮೇಲೆ ಗೊತ್ತಾಯ್ತು. ಮರದ ಕಾಂಡದ ಉಂಗುರ ಎಣಿಸಿ ಹಳೆಯ ಮಳೆ ಲೆಕ್ಕ ಹಾಕುವ ವಿಧಾನ ಇದೆಯಲ್ಲ, 1976ರಲ್ಲಿ ಆ ಲೆಕ್ಕ ಬಂದಾಗ ನದಿಯ ದೀರ್ಘಕಾಲದ ಸರಾಸರಿ 588 ಟಿಎಂಸಿ ಆಸುಪಾಸು ಅಂತ ಕಂಡಿತು. ಇನ್ನು 2000ನೇ ಇಸವಿಯಿಂದೀಚೆಗೆ ಸರಾಸರಿ 540ರ ಹತ್ತಿರ. ಬ್ಯಾಂಕಿನಲ್ಲಿ 540 ರೂಪಾಯಿ ಇದೆ, 719ಕ್ಕೆ ಚೆಕ್ ಬರೆದು ಕೊಟ್ಟಾಗಿದೆ. ಎಚ್ಚರಿಸಿದವರು ಇರಲಿಲ್ಲವಾ? ಇದ್ದರು. ಅಮೆರಿಕದ ಭೂವಿಜ್ಞಾನ ಸರ್ವೇಕ್ಷಣೆಯ ಇ.ಸಿ. ಲಾರೂ ಅನ್ನೋ ಜಲತಜ್ಞ ಆ ಕಾಲದಲ್ಲೇ ನದಿಯಲ್ಲಿ ಅಷ್ಟು ನೀರಿಲ್ಲ ಅಂತ ಬರೆದಿದ್ದರು. ಹಂಚೋಕೆ ಕೂತವರಿಗೆ ಕಡಿಮೆ ಅಂಕಿ ಬೇಕಿರಲಿಲ್ಲ. ದೊಡ್ಡ ಅಂಕಿ ಇದ್ದರೆ ಎಲ್ಲರಿಗೂ ಗೆದ್ದೆ ಅಂತ ಹೇಳಿಕೊಂಡು ಊರಿಗೆ ಹೋಗಬಹುದು. ಇಷ್ಟಾಗಿಯೂ ಅರಿಜೋನಾ ರಾಜ್ಯ 1944ರವರೆಗೆ ಒಪ್ಪಂದಕ್ಕೆ ಅನುಮೋದನೆ ಕೊಡಲಿಲ್ಲ. 1934ರಲ್ಲಂತೂ ಕ್ಯಾಲಿಫೋರ್ನಿಯಾಕ್ಕೆ ನೀರು ಒಯ್ಯುವ ಅಣೆಕಟ್ಟು ನಿಲ್ಲಿಸೋಕೆ ಅಲ್ಲಿನ ಗವರ್ನರ್ ತುಕಡಿಯನ್ನೇ ಕಳಿಸಿದ್ದರು, ದೋಣಿಗಳಲ್ಲಿ! ಒಂದೇ ದೇಶದ ಎರಡು ರಾಜ್ಯ. ನಾವೊಬ್ಬರೇ ಅಲ್ಲ ಬಿಡಿ.

ಆ ಹಂಚಿಕೆಯ ಮೇಜಿನಲ್ಲಿ ಮೂರು ಜನ ಇರಲಿಲ್ಲ. ಮೆಕ್ಸಿಕೊ ಇರಲಿಲ್ಲ. ನದಿ ದಂಡೆಯ ಮೂಲನಿವಾಸಿಗಳು ಇರಲಿಲ್ಲ. ಮೂರನೆಯದು ನದಿ.

ಅದೇ 1922ರಲ್ಲಿ ಆಲ್ಡೊ ಲಿಯೋಪೋಲ್ಡ್ ಅನ್ನೋ ಅರಣ್ಯಾಧಿಕಾರಿ ತನ್ನ ತಮ್ಮನ ಜೊತೆ ಪುಟ್ಟ ದೋಣಿಯಲ್ಲಿ ಕೊಲರಾಡೊ ಮುಖಜ ಭೂಮಿಗೆ ಹೋಗಿದ್ದರು. ಮುಖಜ ಭೂಮಿ ಅಂದ್ರೆ ನದಿ ಸಮುದ್ರ ಸೇರುವ ಮೊದಲು ಕವಲೊಡೆದು ಹರಡುವ ಜಾಗ. ಆಗ ಅದು ಸುಮಾರು 20 ಲಕ್ಷ ಎಕರೆ. ಹಸಿರು ಕೊಳಗಳು, ಜಿಂಕೆ, ಕೊಕ್ಕರೆ, ಜಾಗ್ವಾರ್ ಓಡಾಡೋ ಪೊದೆ. ಆ ಪ್ರವಾಸದ ಬಗ್ಗೆ ಅವರು ಬರೆದ ಪ್ರಬಂಧ 1949ರಲ್ಲಿ, ಅವರು ತೀರಿಕೊಂಡ ಮೇಲೆ ಬಂದ ಪುಸ್ತಕದಲ್ಲಿ ಇದೆ. ಅಷ್ಟರಲ್ಲಿ ಅವರು ಕಂಡದ್ದೆಲ್ಲ ಕರಗೋಕೆ ಶುರುವಾಗಿತ್ತು. 1930ರ ದಶಕದಲ್ಲಿ ಹೂವರ್ ಅಣೆಕಟ್ಟು ಎದ್ದಿತು. ಅದರ ಹಿಂದಿನ ಮೀಡ್ ಜಲಾಶಯದ ಸಾಮರ್ಥ್ಯ ಸಾವಿರ ಟಿಎಂಸಿಗೂ ಮಿಗಿಲು, ನಮ್ಮ ಕೆಆರ್‌ಎಸ್‌ನಂಥವು ಇಪ್ಪತ್ತಕ್ಕೂ ಹೆಚ್ಚು ಹಿಡಿಯುತ್ತೆ. 1963ರಲ್ಲಿ ಗ್ಲೆನ್ ಕಣಿವೆ ಅಣೆಕಟ್ಟೆಯ ಬಾಗಿಲು ಮುಚ್ಚಿತು. ಅಲ್ಲಿಂದಾಚೆ ಅಪರೂಪದ ಪ್ರವಾಹದ ವರ್ಷಗಳನ್ನು ಬಿಟ್ಟರೆ ಕೊಲರಾಡೊ ಸಮುದ್ರ ಮುಟ್ಟಲಿಲ್ಲ. ಮುಖಜ ಭೂಮಿಯ ತೇವದ ಜಾಗ ಹತ್ತರಲ್ಲಿ ಒಂದು ಪಾಲಿಗೆ ಇಳಿಯಿತು. ಕುಕಪಾ ಅನ್ನೋ ಸಮುದಾಯ ಅಲ್ಲಿ ನದಿ ನಂಬಿ ಮೀನು ಹಿಡಿದು, ಪ್ರವಾಹ ಇಳಿದ ಮಣ್ಣಲ್ಲಿ ಬಿತ್ತಿ ಬದುಕಿದ್ದವರು. ನದಿಯ ಜನ ಅಂತಲೇ ಅವರಿಗೆ ಹೆಸರು. ಈಗ ಅವರ ಪಾಲಿಗೆ ಉಳಿದದ್ದು ಹೆಸರು.

ಇಲ್ಲಿ ಒಂದು ಮಾತು ನೇರವಾಗಿ ಹೇಳಬೇಕು. ಎಲ್ಲ ನೀರನ್ನೂ ಅಮೆರಿಕವೇ ನುಂಗಿತು ಅನ್ನೋದು ಅರ್ಧ ಸತ್ಯ. ಗಡಿ ದಾಟಿ ಬರುವ 65 ಟಿಎಂಸಿಯನ್ನು ಮೊರೆಲೋಸ್ ಹತ್ತಿರ ಪೂರ್ತಿಯಾಗಿ ಕಾಲುವೆಗೆ ತಿರುಗಿಸುವುದು ಮೆಕ್ಸಿಕೊನೇ. ಮೆಕ್ಸಿಕಾಲಿ ಕಣಿವೆಯ ಗೋಧಿ, ಹತ್ತಿ, ಕುದುರೆ ಮಸಾಲೆ ಸೊಪ್ಪಿಗೆ, ತಿಹುವಾನಾ ನಗರಕ್ಕೆ. ಮೇಲಿನವನು ಬಿಟ್ಟದ್ದನ್ನು ಕೆಳಗಿನವನು ಪೂರಾ ಬಳಸಿದ. ಸತ್ತದ್ದು ಅವನಿಗಿಂತ ಕೆಳಗಿದ್ದ ನದಿ.

ಹಾಗಾದರೆ ಅಮೆರಿಕ 65 ಟಿಎಂಸಿ ಕೊಡೋಕೆ ಒಪ್ಪಿದ್ದಾದರೂ ಯಾಕೆ? ಇದು ಕುತೂಹಲದ ಪ್ರಶ್ನೆ. ಯಾಕಂದ್ರೆ 1895ರಲ್ಲಿ ಅಮೆರಿಕದ ಅಟಾರ್ನಿ ಜನರಲ್ ಜಡ್ಸನ್ ಹಾರ್ಮನ್ ಒಂದು ಅಭಿಪ್ರಾಯ ಕೊಟ್ಟಿದ್ದರು. ಆಗ ಜಗಳ ಇನ್ನೊಂದು ನದಿಯದ್ದು, ರಿಯೊ ಗ್ರಾಂಡೆ. ಮೆಕ್ಸಿಕೊದವರು ಅದನ್ನು ರಿಯೊ ಬ್ರಾವೊ ಅಂತಾರೆ. ಮೇಲೆ ಅಮೆರಿಕದ ರೈತರು ನೀರು ತಿರುಗಿಸಿಕೊಂಡು ಹ್ವಾರೆಸ್ ಕಡೆಯ ಗದ್ದೆಗಳು ಒಣಗಿದವು ಅನ್ನೋ ದೂರು. ಹಾರ್ಮನ್ ಹೇಳಿದ್ದು, ನಮ್ಮ ನೆಲದೊಳಗಿನ ನೀರನ್ನು ನಾವು ಏನು ಬೇಕಾದರೂ ಮಾಡಿಕೊಳ್ಳಬಹುದು, ಅಂತಾರಾಷ್ಟ್ರೀಯ ಕಾನೂನು ನಮ್ಮನ್ನು ಕಟ್ಟಿಹಾಕೋದಿಲ್ಲ. ನಮ್ಮ ನೀರು ನಮ್ಮ ಹಕ್ಕು! ಹಾರ್ಮನ್ ಸಿದ್ಧಾಂತ ಅಂತ ಇವತ್ತಿಗೂ ಜಗತ್ತಿನ ಎಲ್ಲ ಜಲವಿವಾದದ ಪುಸ್ತಕದಲ್ಲಿ ಇದೆ. ಹೇಳಿದ ಅಮೆರಿಕವೇ ಅದನ್ನು ಪಾಲಿಸಲಿಲ್ಲ ಅನ್ನೋದು ಮುಂದಿನ ಸ್ವಾರಸ್ಯ. 1906ರಲ್ಲಿ ಹ್ವಾರೆಸ್‌ಗೆ ವರ್ಷಕ್ಕೆ 60 ಸಾವಿರ ಎಕರೆ ಅಡಿ ಕೊಡ್ತೀವಿ ಅಂತ ಒಪ್ಪಿತು, ಹಕ್ಕು ಅಂತಲ್ಲ, ಸೌಜನ್ಯಕ್ಕೆ ಅಂತ ಬರೆಸಿಕೊಂಡು.

1944ರ ಒಪ್ಪಂದದ ಗುಟ್ಟು ಭೂಪಟದಲ್ಲಿದೆ. ಕೊಲರಾಡೊದಲ್ಲಿ ಅಮೆರಿಕ ಮೇಲೆ, ಮೆಕ್ಸಿಕೊ ಕೆಳಗೆ. ಆದರೆ ರಿಯೊ ಗ್ರಾಂಡೆಯ ಕೆಳಹರಿವಿಗೆ ನೀರು ತರುವ ಕೊಂಚೋಸ್‌ನಂಥ ಉಪನದಿಗಳು ಮೆಕ್ಸಿಕೊ ಒಳಗೆ ಹುಟ್ಟುತ್ತವೆ. ಅಲ್ಲಿ ಕೈ ಚಾಚಬೇಕಾದವನು ಅಮೆರಿಕದ ಟೆಕ್ಸಾಸ್ ರೈತ. ಒಂದು ನದಿಯಲ್ಲಿ ನೀನು ದೊಡ್ಡವನು, ಇನ್ನೊಂದರಲ್ಲಿ ನಾನು. ಹಾರ್ಮನ್ ಮಾತು ಕೊಲರಾಡೊದಲ್ಲಿ ಆಡಿದರೆ ರಿಯೊ ಗ್ರಾಂಡೆಯಲ್ಲಿ ಅದನ್ನೇ ಕೇಳಬೇಕಾಗುತ್ತೆ. ಇದು ನಮಗೆ ಅರ್ಥವಾಗೋಕೆ ಕಷ್ಟ ಇಲ್ಲ. ಕಾವೇರಿಯಲ್ಲಿ ನಾವು ಮೇಲಿನವರು, ಕೃಷ್ಣೆಯಲ್ಲಿ ಮಹಾರಾಷ್ಟ್ರದ ಕೆಳಗಿನವರು. ಬೇಸಿಗೆಯಲ್ಲಿ ಕೊಯ್ನಾದಿಂದ ನೀರು ಬಿಡಿ ಅಂತ ಪತ್ರ ಬರೆಯೋದೂ ಇದೇ ಸರ್ಕಾರ, ಆಗಸ್ಟ್‌ನಲ್ಲಿ ನಮ್ಮಲ್ಲೇ ನೀರಿಲ್ಲ ಅನ್ನೋದೂ ಇದೇ ಸರ್ಕಾರ. ಎರಡೂ ನಿಜವೇ ಇರಬಹುದು. ಎರಡು ನದಿಗೆ ಎರಡು ನ್ಯಾಯ ಕೇಳೋಕಾಗಲ್ಲ ಅಷ್ಟೇ.

1944ರ ಒಪ್ಪಂದದ ಪ್ರಕಾರ ಕೊಲರಾಡೊದಿಂದ ಮೆಕ್ಸಿಕೊಗೆ ವರ್ಷಕ್ಕೆ 15 ಲಕ್ಷ ಎಕರೆ ಅಡಿ. ಪ್ರತಿಯಾಗಿ ರಿಯೊ ಗ್ರಾಂಡೆ ಉಪನದಿಗಳಿಂದ ಮೆಕ್ಸಿಕೊ ಐದು ವರ್ಷದಲ್ಲಿ ಒಟ್ಟು ಹದಿನೇಳೂವರೆ ಲಕ್ಷ ಎಕರೆ ಅಡಿ ಕೊಡಬೇಕು. ನೋಡಿಕೊಳ್ಳೋಕೆ ಎರಡೂ ದೇಶದ ಇಂಜಿನಿಯರ್‌ಗಳ ಗಡಿ ಜಲ ಆಯೋಗ. ಈ ಆಯೋಗಕ್ಕೆ ಒಂದು ಅನುಕೂಲ ಇತ್ತು. ಮೂಲ ಒಪ್ಪಂದವನ್ನು ಮುಟ್ಟದೆ, ಸಂಸತ್ತಿಗೆ ಹೋಗದೆ, ಕಾಲಕ್ಕೆ ತಕ್ಕಂತೆ ಉಪ ಒಪ್ಪಂದ ಮಾಡಿಕೊಳ್ಳಬಹುದು. ಅವುಗಳಿಗೆ 'ಮಿನಿಟ್' ಅಂತ ಹೆಸರು, ನಂಬರ್ ಸಮೇತ. ನಡಾವಳಿ ಪುಸ್ತಕದ ನಡಾವಳಿ ಅಂದುಕೊಳ್ಳಿ.

ಒಪ್ಪಂದದಲ್ಲಿ ಎಷ್ಟು ನೀರು ಅಂತ ಇತ್ತು. ಎಂಥ ನೀರು ಅಂತ ಇರಲಿಲ್ಲ. 1961ರಲ್ಲಿ ಅರಿಜೋನಾದ ವೆಲ್ಟನ್-ಮೊಹಾಕ್ ಪ್ರದೇಶದ ಹೊಲಗಳ ಬಸಿನೀರನ್ನು ನದಿಗೆ ಬಿಟ್ಟರು. ಸವಳು ನೆಲದಿಂದ ಪಂಪ್ ಮಾಡಿ ತೆಗೆದ ಉಪ್ಪು ನೀರು. ಮೆಕ್ಸಿಕೊಗೆ ಲೆಕ್ಕದ ಪ್ರಕಾರ 65 ಟಿಎಂಸಿ ಹೋಗ್ತಾನೇ ಇತ್ತು, ಆದರೆ ಆ ನೀರು ಹಾಯಿಸಿದ ಹೊಲ ಬೆಳ್ಳಗಾಯ್ತು. ಮೆಕ್ಸಿಕಾಲಿಯಲ್ಲಿ ರೈತರು ಬೀದಿಗಿಳಿದರು. ಹನ್ನೆರಡು ವರ್ಷ ಹಗ್ಗಜಗ್ಗಾಟ ಆಗಿ 1973ರಲ್ಲಿ ಮಿನಿಟ್ 242 ಬಂತು, ಉಪ್ಪಿನಂಶಕ್ಕೆ ಮಿತಿ ಹಾಕಿತು. ಸಿಂಧನೂರು, ಗಂಗಾವತಿ ಕಡೆಯ ಕಾಲುವೆ ಬುಡದ ರೈತರಿಗೆ ಸವಳು ಅಂದರೆ ಏನು ಅಂತ ನಾನು ಹೇಳಬೇಕಾಗಿಲ್ಲ.

ಮುಂದಿನ ಭಾಗ ನನಗೆ ಇಡೀ ಕಥೆಯಲ್ಲೇ ಇಷ್ಟ. ಆ ಉಪ್ಪು ಬಸಿನೀರನ್ನು ಏನು ಮಾಡೋದು? ಶುದ್ಧ ಮಾಡಿ ನದಿಗೆ ಬಿಡೋಣ ಅಂತ ಅಮೆರಿಕ ಯೂಮಾ ಅನ್ನೋ ಊರಲ್ಲಿ ದೊಡ್ಡ ಉಪ್ಪು ತೆಗೆಯುವ ಘಟಕ ಕಟ್ಟೋಕೆ ಹೊರಟಿತು. ಅದು ಮುಗಿಯುವವರೆಗೆ ತಾತ್ಕಾಲಿಕವಾಗಿ ಇರಲಿ ಅಂತ 1977ರಿಂದ ಬಸಿನೀರನ್ನು ಒಂದು ಬಸಿಗಾಲುವೆಯಲ್ಲಿ ಗಡಿ ದಾಟಿಸಿ ಮರುಭೂಮಿಯ ಒಂದು ತಗ್ಗಿಗೆ ಬಿಟ್ಟರು. ಯಾರಿಗೂ ಬೇಡದ ನೀರು, ಯಾರಿಗೂ ಬೇಡದ ಜಾಗ. ಘಟಕ ಮುಗಿದದ್ದು 1992ರಲ್ಲಿ. ಅಷ್ಟರೊಳಗೆ ಆ ತಗ್ಗಿನಲ್ಲಿ ಆಪು ಜೊಂಡು ಬೆಳೆದು, ಅದರೊಳಗೆ ಹಕ್ಕಿ ಬಂದು, ಸುಮಾರು 40 ಸಾವಿರ ಎಕರೆಯ ಜೌಗು ಪ್ರದೇಶವೇ ಹುಟ್ಟಿಬಿಟ್ಟಿತ್ತು. ಸಿಯೆನೆಗ ದೆ ಸಾಂತಾ ಕ್ಲಾರಾ. ಅಮೆರಿಕದಲ್ಲಿ ಅಳಿವಿನಂಚಿನಲ್ಲಿದ್ದ ಯೂಮಾ ಕ್ಲಾಪರ್ ರೇಲ್ ಅನ್ನೋ ಜೊಂಡುಕೋಳಿ ಜಾತಿಯ ಹಕ್ಕಿಯ ಅತಿದೊಡ್ಡ ನೆಲೆ ಇವತ್ತು ಅದೇ. 1993ರಲ್ಲಿ ಮೆಕ್ಸಿಕೊ ಅದನ್ನೆಲ್ಲ ಸೇರಿಸಿ ಜೀವಗೋಳ ಮೀಸಲು ಅಂತ ಘೋಷಿಸಿತು. ಈಗ ಪೇಚಾಟ. ಕೋಟಿಗಟ್ಟಲೆ ಡಾಲರ್ ಹಾಕಿ ಕಟ್ಟಿದ ಘಟಕ ಚಾಲೂ ಮಾಡಿದರೆ ಜೌಗು ಸಾಯುತ್ತೆ. ಅದು ಓಡಿದ್ದು ಲೆಕ್ಕಕ್ಕೆ ಸಿಗುವಷ್ಟು ತಿಂಗಳು ಮಾತ್ರ. 2010ರಲ್ಲಿ ಪ್ರಯೋಗಕ್ಕೆ ಒಂದು ವರ್ಷ ಓಡಿಸಿದಾಗ, ಜೌಗಿಗೆ ಕಮ್ಮಿಯಾಗುವ 30 ಸಾವಿರ ಎಕರೆ ಅಡಿಯನ್ನು ಅಮೆರಿಕ ಒಂದು ಪಾಲು, ಮೆಕ್ಸಿಕೊ ಒಂದು ಪಾಲು, ಪರಿಸರ ಸಂಸ್ಥೆಗಳು ಒಂದು ಪಾಲು ಅಂತ ಹಂಚಿಕೊಂಡು ತುಂಬಿಕೊಟ್ಟರು. ಈ ಮೂರು ಪಾಲಿನ ಲೆಕ್ಕ ನೆನಪಿಟ್ಟುಕೊಳ್ಳಿ, ಮತ್ತೆ ಬರುತ್ತೆ.

ಇದಕ್ಕೆ ಉಲ್ಟಾ ಕಥೆಯೂ ಇದೆ. ಗಡಿಗುಂಟ ಕ್ಯಾಲಿಫೋರ್ನಿಯಾಕ್ಕೆ ಹೋಗುವ ಆಲ್ ಅಮೆರಿಕನ್ ಕಾಲುವೆ ಮಣ್ಣಿನ ಕಾಲುವೆಯಾಗಿತ್ತು. ಇಂಗಿದ ನೀರು ಗಡಿ ಕೆಳಗೆ ಹರಿದು ಮೆಕ್ಸಿಕಾಲಿ ರೈತರ ಬಾವಿಗೆ ಬರುತ್ತಿತ್ತು. ಅಮೆರಿಕ 23 ಮೈಲಿ ಉದ್ದಕ್ಕೆ ಕಾಂಕ್ರೀಟ್ ಲೈನಿಂಗ್ ಮಾಡಿ 2009ಕ್ಕೆ ಮುಗಿಸಿತು. ಉಳಿದ ನೀರು ವರ್ಷಕ್ಕೆ ಸುಮಾರು 3 ಟಿಎಂಸಿ. ಗಡಿಯ ಆಚೆ ಅದೇ ಮೂರು ಟಿಎಂಸಿ ನಷ್ಟ. ಕೋರ್ಟಿಗೆ ಹೋದರು, ಗೆಲ್ಲಲಿಲ್ಲ. ನಾಲೆ ಆಧುನೀಕರಣ ಅಂದ ಕೂಡಲೇ ನಾವು 'ಸೋರಿಕೆ ತಡೆ' ಅಂತ ಗ್ರಾಫಿಕ್ಸ್ ಹಾಕ್ತೀವಿ. ಸೋರಿದ ನೀರು ಎಲ್ಲೋ ಒಬ್ಬರ ಬಾವಿಯಲ್ಲಿ ಇರುತ್ತೆ ಅನ್ನೋದು ಗ್ರಾಫಿಕ್ಸ್‌ನಲ್ಲಿ ಬರಲ್ಲ.

ಅಂದ್ರೆ 2009ರ ಹೊತ್ತಿಗೆ ಸಂಬಂಧ ಚೆನ್ನಾಗಿರಲಿಲ್ಲ. ತಿರುವು ಬಂದದ್ದು ನೆಲದಡಿಯಿಂದ. 2010ರ ಏಪ್ರಿಲ್ 4, ಈಸ್ಟರ್ ಭಾನುವಾರ, ಮೆಕ್ಸಿಕಾಲಿ ಕಣಿವೆಯಲ್ಲಿ 7.2 ತೀವ್ರತೆಯ ಭೂಕಂಪ. ಕಾಲುವೆಗಳು ಸೀಳಿಹೋದವು. ಮೆಕ್ಸಿಕೊಗೆ ಅದರ ಪಾಲಿನ ನೀರು ಬರ್ತಾ ಇದೆ, ಹೊಲಕ್ಕೆ ಒಯ್ಯೋಕೆ ಕಾಲುವೆ ಇಲ್ಲ. ಆಗ ಆ ನೀರನ್ನು ಅಮೆರಿಕದ ಮೀಡ್ ಜಲಾಶಯದಲ್ಲಿ ಇಟ್ಟುಕೊಳ್ಳಿ, ರಿಪೇರಿ ಆದಮೇಲೆ ತಗೊಳ್ಳಿ ಅಂತ ಮಿನಿಟ್ 318 ಆಯ್ತು. ಪಕ್ಕದ ಮನೆಯವರ ಫ್ರಿಜ್ಜಲ್ಲಿ ನಮ್ಮ ಹಾಲಿಟ್ಟ ಹಾಗೆ. ಅಷ್ಟು ಸಣ್ಣ ವಿಷಯ. ಆದರೆ ಮೀಡ್ ನೀರಿನ ಮಟ್ಟ ಕುಸಿಯುತ್ತಿದ್ದ ಅಮೆರಿಕಕ್ಕೂ ಅದರಿಂದ ಲಾಭ ಆಯ್ತು. ಮೆಕ್ಸಿಕೊ ನೀರು ಅಲ್ಲಿದ್ದಷ್ಟು ದಿನ ಮಟ್ಟ ಏರಿರುತ್ತೆ. ಇಬ್ಬರಿಗೂ ಒಳ್ಳೆಯದಾಗುವ ಒಂದು ಲೆಕ್ಕ ಸಿಕ್ಕಿತು.

ಅಲ್ಲಿಂದ ಎರಡೇ ವರ್ಷಕ್ಕೆ, 2012ರ ನವೆಂಬರ್ 20, ಮಿನಿಟ್ 319. ಬರ ಬಂದರೆ ಮೆಕ್ಸಿಕೊನೂ ಪಾಲು ಕಡಿಮೆ ಮಾಡಿಕೊಳ್ಳುತ್ತೆ. ನೀರು ಹೆಚ್ಚಾದರೆ ಮೆಕ್ಸಿಕೊಗೂ ಹೆಚ್ಚು. ಮೆಕ್ಸಿಕೊ ನೀರು ಮೀಡ್‌ನಲ್ಲಿ ಉಳಿಸಿಡಬಹುದು. ಅಮೆರಿಕ ದುಡ್ಡು ಕೊಟ್ಟು ಮೆಕ್ಸಿಕೊ ಕಾಲುವೆಗಳನ್ನು ಸರಿ ಮಾಡುತ್ತೆ, ಉಳಿದ ನೀರಲ್ಲಿ ಒಂದಷ್ಟು ತಾನು ತಗೊಳ್ಳುತ್ತೆ. ಇದೆಲ್ಲದರ ಜೊತೆ, ನದಿಗೆ 1,58,088 ಎಕರೆ ಅಡಿ. ಅದರಲ್ಲಿ ಮೂರನೇ ಎರಡು ಭಾಗ ಒಂದೇ ಸಲ ಬಿಡುವ ಮಿಡಿತದ ಹರಿವು. ನಾವು ಮೊದಲು ನೋಡಿದ 2014ರ ಸಂಭ್ರಮ ಅದೇ. ಉಳಿದ ಒಂದು ಭಾಗ ಸಣ್ಣಗೆ ಸದಾ ಹರಿಯುವ ತಳಹರಿವು. ಅದನ್ನು ಒದಗಿಸಿದ್ದು ಪರಿಸರ ಸಂಸ್ಥೆಗಳು, ಮೆಕ್ಸಿಕಾಲಿಯಲ್ಲಿ ಮಾರೋಕೆ ಒಪ್ಪಿದ ರೈತರಿಂದ ನೀರಿನ ಹಕ್ಕು ಕೊಂಡು. ಯಾರ ಕೈಯಿಂದಲೂ ಕಿತ್ತುಕೊಳ್ಳಲಿಲ್ಲ.

ಯಾಕೆ ಮಾರ್ಚ್‌ನಿಂದ ಮೇ? ಕಾಟನ್‌ವುಡ್ ಮತ್ತು ವಿಲ್ಲೋ ಅಲ್ಲಿನ ನದಿ ದಂಡೆಯ ಮರಗಳು. ಬೂರುಗದ ಹತ್ತಿಯ ಹಾಗೆ ಅವುಗಳ ಬೀಜ ಗಾಳಿಯಲ್ಲಿ ಹಾರೋದು ವಸಂತದಲ್ಲಿ. ಬೀಜಕ್ಕೆ ಆಯಸ್ಸು ಕೆಲವೇ ವಾರ. ಆ ಹೊತ್ತಿಗೆ ಅದಕ್ಕೆ ತೊಳೆದ ಹಸಿ ಮರಳು ಸಿಗಬೇಕು, ಮೊಳೆತ ಮೇಲೆ ಅಂತರ್ಜಲ ದಿಢೀರ್ ಇಳಿಯಬಾರದು. ನೀರು ನಿಧಾನಕ್ಕೆ ಇಳಿದರೆ ಬೇರು ಅದರ ಬೆನ್ನು ಹತ್ತಿ ಇಳಿಯುತ್ತೆ. ಹಿಮ ಕರಗಿದಾಗ ಹಿಂದೆ ನದಿ ಉಕ್ಕಿ ಇಳಿಯುತ್ತಿದ್ದದ್ದು ಹಾಗೇ. ಗೇಟ್ ಎತ್ತುವ ವೇಳಾಪಟ್ಟಿಯನ್ನು ಇಂಜಿನಿಯರ್‌ಗಳು ಮರದ ಬೀಜಕ್ಕೆ ಹೊಂದಿಸಿ ಬರೆದರು. ಇಂಜಿನಿಯರಿಂಗ್ ಓದುವಾಗ ನಮಗೆ ಗೇಟಿನ ವಿನ್ಯಾಸ ಹೇಳಿಕೊಟ್ಟಿದ್ದರು, ಬೀಜದ ವಿಷಯ ಯಾವ ಸೆಮಿಸ್ಟರ್‌ನಲ್ಲೂ ಇರಲಿಲ್ಲ.

ಫಲ ಸಿಕ್ಕಿತಾ? ಸಿಕ್ಕಿತು, ಆದರೆ ಪೂರ್ತಿ ಅಲ್ಲ. ಮೇ ತಿಂಗಳ ಮಧ್ಯಕ್ಕೆ ನದಿ ಸಮುದ್ರದ ಉಬ್ಬರದ ನೀರನ್ನು ಮುಟ್ಟಿತು. ಆ ವರ್ಷ ದಂಡೆಯ ಹಸಿರು ಹಿಂದಿನ ವರ್ಷಕ್ಕಿಂತ ಹೆಚ್ಚಾದದ್ದು ಉಪಗ್ರಹ ಚಿತ್ರಗಳಲ್ಲೇ ಕಂಡಿತು. ಹಕ್ಕಿಗಳ ಸಂಖ್ಯೆ, ಬಗೆ ಎರಡೂ ಏರಿತು. ಆದರೆ ಬಿಟ್ಟ ನೀರಿನ ಬಹುಪಾಲು ಮೊದಲ 60 ಕಿಲೋಮೀಟರ್ ಒಳಗೇ ಮರಳಿಗೆ ಇಂಗಿಹೋಯ್ತು. ಹೊಸ ಹಸಿರು ಒಂದೆರಡು ವರ್ಷದಲ್ಲಿ ಮತ್ತೆ ಇಳಿಯಿತು. ಉಳಿದದ್ದು ಎಲ್ಲಿ? ಮೊದಲೇ ನೆಲ ಹದ ಮಾಡಿ, ಕಳೆ ಕಿತ್ತು, ಸಸಿ ನೆಟ್ಟು ಕಾದಿದ್ದ ಲಗೂನಾ ಗ್ರಾಂಡೆಯಂಥ ಜಾಗಗಳಲ್ಲಿ.

ಈ ಕಳೆಯ ಕಥೆ ಸ್ವಲ್ಪ ಕೇಳಿ. ಅಲ್ಲಿ ನದಿ ದಂಡೆ ನುಂಗಿರೋದು ಟ್ಯಾಮರಿಸ್ಕ್ ಅನ್ನೋ ಪೊದೆ. ಉಪ್ಪು ತಾಳುತ್ತೆ, ಬೇರೆಯದನ್ನು ಬೆಳೆಯೋಕೆ ಬಿಡಲ್ಲ. ಅದು ಹೋದದ್ದು ಹಳೆಯ ಜಗತ್ತಿನಿಂದ, ನಮ್ಮ ಕಡೆಯ ಖಂಡಗಳಿಂದ. ಅದನ್ನು ಕಿತ್ತು ಅವರು ಪ್ರೀತಿಯಿಂದ ನೆಡುತ್ತಿರುವ ಸ್ಥಳೀಯ ಮರಗಳಲ್ಲಿ ಒಂದು ಮೆಸ್ಕೀಟ್. ಅದರ ದಾಯಾದಿ ಯಾವುದು ಗೊತ್ತಾ? ನಮ್ಮ ಬಳ್ಳಾರಿ ಜಾಲಿ. ಮಧ್ಯ ಅಮೆರಿಕದ ಕಡೆಯಿಂದ ಬಂದು ನಮ್ಮ ಕೆರೆ ಅಂಗಳ, ಹಳ್ಳದ ದಂಡೆಗಳನ್ನೆಲ್ಲ ಹಿಡಿದು ಕೂತಿರೋ ಅದೇ ಮುಳ್ಳಿನ ಬಳಗ.

ಪಾಠ ಕಲಿತು, 2017ರ ಸೆಪ್ಟೆಂಬರ್‌ನಲ್ಲಿ ಮಿನಿಟ್ 323 ಬಂತು. ಒಂಬತ್ತು ವರ್ಷಕ್ಕೆ ನದಿಗೆ 2,10,000 ಎಕರೆ ಅಡಿ, ಅಂದ್ರೆ 9 ಟಿಎಂಸಿ ಚಿಲ್ಲರೆ. ಮತ್ತೆ ಅದೇ ಮೂರು ಪಾಲು, ಎರಡು ದೇಶ ಮತ್ತು ಸಂಸ್ಥೆಗಳು. ಈ ಸಲ ಮೊರೆಲೋಸ್ ಗೇಟು ಎತ್ತಿ ಮರಳಿಗೆ ಕುಡಿಸಲಿಲ್ಲ. ಹೊಲಗಳ ಕಾಲುವೆಯಲ್ಲೇ ನೀರು ತಂದು, ಕೆಳಗೆ ಸಸಿ ನೆಟ್ಟ ಜಾಗದ ಹತ್ತಿರ ನದಿಗೆ ಬಿಟ್ಟರು. 2021ರಲ್ಲಿ ಮೇ ತಿಂಗಳಿಂದ ಅಕ್ಟೋಬರ್‌ವರೆಗೆ 35 ಸಾವಿರ ಎಕರೆ ಅಡಿ, ಒಂದೂವರೆ ಟಿಎಂಸಿ. 2014ರ ಮೂರನೇ ಒಂದು ಪಾಲಿನಲ್ಲೇ ನದಿ ಮತ್ತೆ ಸಮುದ್ರದ ದಾರಿ ಹಿಡಿಯಿತು. ಸೇತುವೆ ಕೆಳಗೆ ಮಾತ್ರ ಈ ನೀರು ಬರಲಿಲ್ಲ. ಸ್ಯಾನ್ ಲೂಯಿಸ್ ಜನಕ್ಕೆ ಬೇಜಾರಾಗಿರಬೇಕು.

ಎಲ್ಲ ಸುಖಾಂತ್ಯ ಅಂತ ನಾನು ಹೇಳ್ತಿಲ್ಲ. ಇದೇ ಒಪ್ಪಂದದ ಇನ್ನೊಂದು ನದಿ ನೋಡಿ. 2020ರ ಸೆಪ್ಟೆಂಬರ್‌ನಲ್ಲಿ ಮೆಕ್ಸಿಕೊದ ಚಿಹುವಾಹುವಾ ರಾಜ್ಯದ ರೈತರು ಲಾ ಬೊಕಿಯಾ ಅಣೆಕಟ್ಟೆಗೆ ನುಗ್ಗಿದರು. ಟೆಕ್ಸಾಸ್‌ಗೆ ನೀರು ಬಿಟ್ಟರೆ ನಮ್ಮ ಹೊಲಕ್ಕೇನು ಅಂತ. ಕೇಂದ್ರದ ಪಡೆ ಬಂತು, ಘರ್ಷಣೆಯಲ್ಲಿ ಒಬ್ಬ ಹೆಣ್ಣುಮಗಳು ಗುಂಡಿಗೆ ಬಲಿಯಾದರು. 2016ರ ಸೆಪ್ಟೆಂಬರ್‌ನಲ್ಲಿ ಬೆಂಗಳೂರಿನಲ್ಲಿ ಬಸ್ಸುಗಳು ಉರಿದದ್ದನ್ನು ನೇರಪ್ರಸಾರದಲ್ಲಿ ನೋಡಿದ ನಮಗೆ ಆ ದೃಶ್ಯ ಹೊಸದಲ್ಲ. 2025ರ ಮಾರ್ಚ್‌ನಲ್ಲಿ, ರಿಯೊ ಗ್ರಾಂಡೆ ಬಾಕಿ ತೀರಿಸಿಲ್ಲ ಅಂತ ಅಮೆರಿಕ ತಿಹುವಾನಾಗೆ ಕೊಲರಾಡೊ ನೀರಿನ ವಿಶೇಷ ಪೂರೈಕೆಯ ಮನವಿಯನ್ನು ತಿರಸ್ಕರಿಸಿತು. 1944ರಿಂದ ಇಲ್ಲಿವರೆಗೆ ಹಾಗೆ ಮಾಡಿದ್ದು ಅದೇ ಮೊದಲು. ಏಪ್ರಿಲ್‌ನಲ್ಲಿ ಸುಂಕದ ಬೆದರಿಕೆ ಬಂತು, ತಿಂಗಳ ಕೊನೆಗೆ ಮೆಕ್ಸಿಕೊ ಸ್ವಲ್ಪ ನೀರು ಬಿಡೋಕೆ ಒಪ್ಪಿತು.

ಈಗ ನಮ್ಮ ಒಂದು ಅಂಕಿ. ಕಾವೇರಿ ನ್ಯಾಯಮಂಡಳಿಯ 740 ಟಿಎಂಸಿಯಲ್ಲಿ ತಮಿಳುನಾಡಿಗೆ 419, ಕರ್ನಾಟಕಕ್ಕೆ 270, ಕೇರಳಕ್ಕೆ 30, ಪುದುಚೇರಿಗೆ 7. ಕೂಡಿಸಿ. 726. ಉಳಿದ 14? ಹತ್ತು ಟಿಎಂಸಿ ಪರಿಸರಕ್ಕೆ, ನಾಲ್ಕು ಟಿಎಂಸಿ ಸಮುದ್ರಕ್ಕೆ ಅನಿವಾರ್ಯವಾಗಿ ಹರಿಯುವುದಕ್ಕೆ. 2018ರಲ್ಲಿ ಸುಪ್ರೀಂ ಕೋರ್ಟ್ ನಮಗೆ 14.75 ಟಿಎಂಸಿ ಹೆಚ್ಚು ಕೊಟ್ಟು 284.75 ಮಾಡಿತು. ಅದು ತಮಿಳುನಾಡಿನ ಪಾಲಿನಿಂದ ಕಳೆದದ್ದು, ನದಿಯ ಹತ್ತಕ್ಕೆ ಕೋರ್ಟ್ ಕೈ ಹಾಕಲಿಲ್ಲ. ಬಿಳಿಗುಂಡ್ಲುವಿನಲ್ಲಿ ನಾವು ಅಳೆದು ಕೊಡುವ 177.25ರಲ್ಲಿ ಅದೂ ಸೇರಿದೆ. ಅಂದ್ರೆ ಕೊಲರಾಡೊ ಒಂಬತ್ತು ವರ್ಷಕ್ಕೆ ಸೇರಿಸಿ ಪಡೆದದ್ದಕ್ಕಿಂತ ಹೆಚ್ಚು ನೀರು ಕಾವೇರಿಯ ಹೆಸರಲ್ಲಿ ಪ್ರತಿ ವರ್ಷ ಬರೆದಿದೆ. ಇಷ್ಟು ವರ್ಷ ಕಾವೇರಿ ಚರ್ಚೆ ನಡೆಸಿದ್ದೀನಿ, ರೈತ ಮುಖಂಡರು, ವಕೀಲರು, ನಿವೃತ್ತ ಇಂಜಿನಿಯರ್‌ಗಳು, ಮೂರೂ ಪಕ್ಷದ ವಕ್ತಾರರು, ಎಲ್ಲರನ್ನೂ ಕೂರಿಸಿದ್ದೀನಿ. ಆ ಹತ್ತು ಟಿಎಂಸಿ ಯಾವ ತಿಂಗಳು, ಯಾವ ದಂಡೆಗೆ, ಯಾವ ಮೀನಿಗೆ ಅಂತ ಒಂದು ಸಲವೂ ನಾನು ಕೇಳಿಲ್ಲ. ಬದಲಿಗೆ 'ಸಮುದ್ರ ಸೇರಿ ವ್ಯರ್ಥವಾಗುತ್ತಿರುವ ನೀರು' ಅಂತ ನನ್ನದೇ ದನಿಯಲ್ಲಿ ಎಷ್ಟು ಸಲ ಓದಿದ್ದೀನೋ ಲೆಕ್ಕ ಇಲ್ಲ. ನಮ್ಮ ಪಾಲಿಗಾಗಿ ನಾವು ಹೋರಾಡಲೇಬೇಕು, ಅದರಲ್ಲಿ ಎರಡು ಮಾತಿಲ್ಲ. ಆ 'ವ್ಯರ್ಥ' ಅನ್ನೋ ಪದವನ್ನು ನನ್ನ ಸ್ಕ್ರಿಪ್ಟ್‌ನಿಂದ ತೆಗೆದಿದ್ದೀನಿ.

ಮಿನಿಟ್ 323ರ ಅವಧಿ 2026ರ ಡಿಸೆಂಬರ್‌ಗೆ ಮುಗಿಯುತ್ತೆ. ಅಮೆರಿಕದ ಏಳು ರಾಜ್ಯಗಳ ನಡುವಿನ ಬರಗಾಲದ ನಿಯಮಗಳ ಗಡುವೂ ಅದೇ ವರ್ಷ. 2022ರ ಜುಲೈನಲ್ಲಿ ಮೀಡ್ ಜಲಾಶಯ ಸಾಮರ್ಥ್ಯದ ಕಾಲು ಭಾಗದ ಹತ್ತಿರಕ್ಕೆ ಇಳಿದಿತ್ತು, 1930ರ ದಶಕದಲ್ಲಿ ತುಂಬೋಕೆ ಶುರುವಾದಾಗಿನಿಂದ ಅಷ್ಟು ಕೆಳಗೆ ಹೋದದ್ದಿಲ್ಲ. ಹಾಗಾಗಿ ಮುಂದಿನ ಮೇಜಿನಲ್ಲಿ ನದಿಯ ಪಾಲು ಉಳಿಸಿಕೊಳ್ಳೋದು ಸುಲಭ ಇಲ್ಲ. ಈ ನಡುವೆ ಮುಖಜ ಭೂಮಿಯಲ್ಲಿ ಸಸಿ ನೆಟ್ಟ ಜಾಗಗಳಿಗೆ ಬೀವರ್‌ಗಳು ವಾಪಸ್ ಬಂದಿವೆ. ಹಲ್ಲಿನಿಂದ ಮರ ಕಡಿದು ಹರಿಯುವ ನೀರಿಗೆ ಅಡ್ಡ ಒಡ್ಡು ಕಟ್ಟೋ ಪ್ರಾಣಿ ಅದು. ಸಾವಿರಾರು ಕೈಗಳು ನೆಟ್ಟು ಬೆಳೆಸಿದ ವಿಲ್ಲೋ ಮರಗಳನ್ನು ಕಡಿದು, ಎರಡು ದೇಶಗಳ ಅನುಮತಿಯೂ ಇಲ್ಲದೆ, ಅವು ಅಲ್ಲಿ ತಮ್ಮ ಅಣೆಕಟ್ಟು ಕಟ್ಟಿಕೊಳ್ಳುತ್ತಿವೆ.